ಅಲುಗದ ಚಿತ್ರದ ಚಲನೆ

ಸಿನಿಮಾ ಪರದೆಯ ಮೇಲೆ ಸೆಕೆಂಡಿಗೆ 24 ಚೌಕಟ್ಟುಗಳು ಹಾದುಹೋಗುತ್ತವೆ. ಬಿಡಿಬಿಡಿಯಾದ ಆ ಚಿತ್ರಗಳನ್ನು ಮಿದುಳು ಒಂದಕ್ಕೊಂದು ಹೆಣೆದುಕೊಳ್ಳುವುದರಿಂದಲೇ ಚಲನೆಯ ಭ್ರಮೆ ಹುಟ್ಟುತ್ತದೆ. ಆದರೆ ಕೈಯಿಂದ ಬರೆದ ಅನಿಮೇಷನ್ನಿಗೆ 24 ಹೊಸ ಚಿತ್ರಗಳೇ ಬೇಕೆಂದಿಲ್ಲ. ಒಂದೇ ಚಿತ್ರವನ್ನು ಎರಡು ಚೌಕಟ್ಟುಗಳ ಕಾಲ ನಿಲ್ಲಿಸಿದರೆ 12, ಮೂರರ ಕಾಲ ನಿಲ್ಲಿಸಿದರೆ 8 ಚಿತ್ರಗಳಲ್ಲೇ ಸೆಕೆಂಡು ಕಳೆಯುತ್ತದೆ. ಜಪಾನಿನ ಟಿವಿ ಅನಿಮೆ ಬೆಳೆದದ್ದು ಬಹುಮಟ್ಟಿಗೆ ಈ ಎಂಟರ ಲೆಕ್ಕದಲ್ಲಿ.

ಲೆಕ್ಕದ ಹಿಂದೆ ಇದ್ದದ್ದು ಹಣ ಮತ್ತು ಸಮಯದ ಅಭಾವ. 1963ರ ಜನವರಿ 1ರಂದು ಫುಜಿ ಟಿವಿಯಲ್ಲಿ ಆರಂಭವಾದ ‘ಆಸ್ಟ್ರೋ ಬಾಯ್’ಗೆ ವಾರಕ್ಕೊಂದು ಅರ್ಧ ಗಂಟೆಯ ಕಂತು ಬೇಕಿತ್ತು. ಅದನ್ನು ರೂಪಿಸಿದ, ಡಿಸ್ನಿ ಚಿತ್ರಗಳ ಆರಾಧಕರಾಗಿದ್ದ ಒಸಾಮು ತೆಜುಕಾ, ಡಿಸ್ನಿಯ ಸಮೃದ್ಧ ಚಲನೆಯನ್ನೇ ಇಲ್ಲಿ ಕೈಬಿಡಬೇಕಾಯಿತು. ಮುಖ ನಿಶ್ಚಲ, ತುಟಿ ಮಾತ್ರ ಚಲಿಸುತ್ತದೆ. ಓಡುವ ಪಾತ್ರ ಇದ್ದಲ್ಲೇ ಇದ್ದು ಹಿನ್ನೆಲೆ ಹಿಂದಕ್ಕೆ ಸರಿಯುತ್ತದೆ. ಒಮ್ಮೆ ಬರೆದ ಹಾರಾಟ ಹತ್ತಾರು ಕಂತುಗಳಲ್ಲಿ ಮರಳಿ ಬರುತ್ತದೆ.

ದೇಹ ಸುಮ್ಮನಿದ್ದಾಗ ಭಾವದ ಭಾರವೆಲ್ಲ ಮುಖದ ಮೇಲೆ ಬೀಳುತ್ತದೆ. ತೆಜುಕಾ ತಮ್ಮ ಮಂಗಾ ಚಿತ್ರಕಥೆಗಳಲ್ಲಿ ಮೊದಲೇ ರೂಢಿಸಿಕೊಂಡಿದ್ದ ದೊಡ್ಡ ಕಣ್ಣುಗಳು ಇಲ್ಲಿ ಒದಗಿ ಬಂದವು. ಅಷ್ಟಗಲದ ಕಣ್ಣಿನಲ್ಲಿ ಹೊಳಪಿನ ಒಂದು ಬಿಂದುವನ್ನು ನಡುಗಿಸಿದರೆ ಅಳು ಉಕ್ಕುತ್ತಿದೆಯೆಂದು ತಿಳಿಯುತ್ತದೆ, ಹೊಳಪನ್ನೇ ಅಳಿಸಿದರೆ ಪಾತ್ರ ಒಳಗೆ ಕುಸಿದಿದೆಯೆಂದು.

ಕೊರತೆ ಶೈಲಿಯಾಗಿ ಮಾಗಿದ್ದು ಮುಂದಿನ ಪೀಳಿಗೆಯಲ್ಲಿ. ತೆಜುಕಾರ ಸ್ಟುಡಿಯೊದಲ್ಲೇ ಪಳಗಿದ ಒಸಾಮು ದೆಜಾಕಿ, ಬಾಕ್ಸಿಂಗ್ ಕಥೆಯಾದ ‘ಅಶಿತಾ ನೊ ಜೋ’ದಂಥ ಸರಣಿಗಳಲ್ಲಿ ಉತ್ಕಟ ಕ್ಷಣವನ್ನು ಥಟ್ಟನೆ ತಡೆದು, ಒರಟು ಗೆರೆಗಳ ವರ್ಣಚಿತ್ರವಾಗಿಸುತ್ತಿದ್ದರು. ಹಿದೆಯಾಕಿ ಅನ್ನೊ ಇನ್ನೂ ಧೈರ್ಯವಂತರು. 1995ರಲ್ಲಿ ಆರಂಭವಾದ ಅವರ ‘ಇವಾಂಗೆಲಿಯನ್’ ಸರಣಿಯ ಒಂದು ದೃಶ್ಯದಲ್ಲಿ, ಪರಸ್ಪರ ಒಗ್ಗದ ಇಬ್ಬರು ಹುಡುಗಿಯರು ಲಿಫ್ಟಿನಲ್ಲಿ ನಿಂತಿರುತ್ತಾರೆ. ಮುಕ್ಕಾಲು ನಿಮಿಷ ದಾಟಿದರೂ ಪರದೆಯ ಮೇಲೆ ಹೆಚ್ಚುಕಡಿಮೆ ಏನೂ ಅಲುಗುವುದಿಲ್ಲ, ಲಿಫ್ಟಿನ ಸದ್ದಷ್ಟೇ. ಹಣ ಉಳಿಯಿತು, ನಿಜ. ಆದರೆ ಆ ಹೊತ್ತಿನ ಕಸಿವಿಸಿಯನ್ನು ಎಷ್ಟು ಸಾವಿರ ಚಿತ್ರಗಳೂ ಹೇಳಲಾರವು.

ಎಲ್ಲ ಅನಿಮೆಯೂ ಹೀಗೆ ಜಿಪುಣವಲ್ಲ. ಕತ್ಸುಹಿರೊ ಒತೊಮೊ ಅವರ ‘ಅಕಿರಾ’ (1988) ಮೊದಲು ಧ್ವನಿ ಮುದ್ರಿಸಿಕೊಂಡು, ಬಳಿಕ ತುಟಿ ಚಲನೆಯನ್ನು ಅದಕ್ಕೆ ಹೊಂದಿಸಿ ಬರೆದ ದುಬಾರಿ ಚಿತ್ರ. ಆದರೂ ಸೋಜಿಗ ಇರುವುದು ಇನ್ನೊಂದು ಕಡೆ. ಒಂದು ಭಂಗಿಯಿಂದ ಇನ್ನೊಂದಕ್ಕೆ ಸಾಗುವ ನಡುವಣ ಚಿತ್ರಗಳನ್ನೆಲ್ಲ ಈಗ ಕಂಪ್ಯೂಟರ್ ಪುಕ್ಕಟೆಯಾಗಿ ತುಂಬಿಕೊಡಬಲ್ಲದು. ಹಾಗಿದ್ದೂ 2014ರ ‘ಗಿಲ್ಟಿ ಗಿಯರ್ ಎಕ್ಸ್‌ಆರ್‌ಡಿ’ ಎಂಬ ಜಪಾನಿ ವಿಡಿಯೊ ಗೇಮಿನ ತಯಾರಕರು, ಮೂರು ಆಯಾಮದ ಪಾತ್ರಗಳು ಕೈಯಲ್ಲಿ ಬರೆದ ಅನಿಮೆಯಂತೆ ಕಾಣಲೆಂದು ಆ ನಡುವಣ ಚಲನೆಯನ್ನು ಬೇಕೆಂದೇ ಕೈಬಿಟ್ಟರು.