ಗಂಗಾಸಾಗರದಿಂದ ಸಾಗರಮಾಥಾಕ್ಕೆ

ಎವರೆಸ್ಟ್ ಶಿಖರದ ಎತ್ತರ ಸಮುದ್ರಮಟ್ಟದಿಂದ 8,848 ಮೀಟರುಗಳೆಂದು ನಾವು ಮಕ್ಕಳಿಗೆ ಬೋಧಿಸುತ್ತೇವೆ. ಆದರೆ ಆರೋಹಿಗಳಲ್ಲಿ ಹೆಚ್ಚಿನವರು ವಿಮಾನದಲ್ಲಿ ಲುಕ್ಲಾ ಎಂಬಲ್ಲಿಗೆ ಬಂದಿಳಿದು, ಸುಮಾರು 2,800 ಮೀಟರುಗಳನ್ನು ಏರದೆಯೇ ಗಳಿಸಿಬಿಡುತ್ತಾರೆ. ಹಾಗಾದರೆ ಪರ್ವತವನ್ನು ಪೂರ್ಣವಾಗಿ ಏರಿದವರಾರು?

ಆಸ್ಟ್ರೇಲಿಯದ ಟಿಮ್ ಮೆಕಾರ್ಟ್ನಿ-ಸ್ನೇಪ್ ಅವರು 1984ರಲ್ಲಿಯೇ ಈ ಶಿಖರವನ್ನು ಮುಟ್ಟಿದ್ದರು. ಆದರೂ ತೃಪ್ತರಾಗದೆ, 1990ರ ಫೆಬ್ರವರಿಯಲ್ಲಿ ಬಂಗಾಳ ಕೊಲ್ಲಿಯ ಗಂಗಾಸಾಗರದಿಂದ ಕಾಲ್ನಡಿಗೆಯಲ್ಲಿ ಹೊರಟರು. ಸಂಕ್ರಾಂತಿಯ ಸ್ನಾನಕ್ಕೆ ಯಾತ್ರಿಕರು ನೆರೆಯುವ ಕ್ಷೇತ್ರವದು. ದಾರಿ ಸುಮಾರು 1,200 ಕಿಲೋಮೀಟರು.

ಇಲ್ಲೊಂದು ವಿಚಿತ್ರವಿದೆ. ದಾರಿಯ ಬಹುಭಾಗ ಬಂಗಾಳ, ಬಿಹಾರಗಳ ಬಯಲು. ಅಲ್ಲಿ ವಾರಗಟ್ಟಲೆ ನಡೆದರೂ ಎತ್ತರ ಕೆಲವೇ ಹತ್ತು ಮೀಟರುಗಳಷ್ಟು ಹೆಚ್ಚುತ್ತದೆ. ಏರಿಕೆಯೆಲ್ಲ ಕೊನೆಯ ಪಾಲಿಗೇ ಉಳಿದಿರುತ್ತದೆ. ಶಿಖರದಲ್ಲಿ ವಾಯುವಿನ ಒತ್ತಡ ಸಮುದ್ರತೀರದಲ್ಲಿರುವುದರ ಮೂರನೆಯ ಒಂದು ಪಾಲು ಮಾತ್ರ. ಅದಕ್ಕೆ ಹೊಂದಿಕೊಳ್ಳಲು ರಕ್ತದಲ್ಲಿ ಕೆಂಪು ಕಣಗಳು ಹೆಚ್ಚಬೇಕು. ಎತ್ತರದಲ್ಲಿ ವಾರಗಳನ್ನು ಕಳೆಯದೆ ಅವು ಸಾಕಷ್ಟು ಹೆಚ್ಚವು. ಬಯಲಿನ ನಡಿಗೆ ಕಾಲುಗಳನ್ನು ಹದಗೊಳಿಸೀತೇ ಹೊರತು ಉಸಿರನ್ನಲ್ಲ. ಅವರಾದರೋ ಆಮ್ಲಜನಕದ ಸಿಲಿಂಡರನ್ನು ಒಯ್ಯುವುದಿಲ್ಲವೆಂದು ನಿಶ್ಚಯಿಸಿದ್ದರು! ಅಷ್ಟು ಎತ್ತರದಲ್ಲಿ ಬುದ್ಧಿ ಮಂಕಾಗುತ್ತದೆ. ಒಂದು ತಪ್ಪು ಹೆಜ್ಜೆಗೆ ಪ್ರಾಣವೇ ಬೆಲೆ.

ಮೇ 11ರಂದು ಅವರು ಏಕಾಕಿಯಾಗಿ ಶಿಖರವನ್ನು ತಲಪಿದರು. ಆ ಇಳಿಜಾರಿನ ಹಿಮ ಕರಗಿ ದೂಧ್‌ಕೋಸಿಯಾಗಿ, ಕೋಸಿಯಾಗಿ, ಗಂಗೆಯನ್ನು ಕೂಡಿ, ಅವರು ಹೊರಟ ಕಡಲಿಗೇ ಹರಿದುಹೋಗುತ್ತದೆ.