ಏಳು ನಿಮಿಷದ ಚಿತ್ರ, ನಲವತ್ತು ನಿಮಿಷದ ಪಾಠ

ಕಾರ್ಟೂನ್ ಎಂದರೆ ಮನರಂಜನೆ, ಪಾಠ ಎಂದರೆ ಬೇರೆ ಎಂಬ ಭಾವನೆ ನಮ್ಮಲ್ಲಿ ಸಾಮಾನ್ಯ. ಆದರೆ ದೂರದರ್ಶನ ನೋಡಿ ಬೆಳೆದ ಒಂದು ಪೀಳಿಗೆ ಇಂದಿಗೂ ನೆನೆಯುವ ‘ಏಕ್ ಅನೇಕ್ ಔರ್ ಏಕತಾ’ (1974) ಎಂಬ ಅನಿಮೇಷನ್ ಚಿತ್ರವನ್ನು ರೂಪಿಸಿದವರು ಶಿಕ್ಷಣ ಕ್ಷೇತ್ರದವರೇ ಆದ ವಿಜಯಾ ಮುಳೆ (1921–2019). ಅವರ ವೃತ್ತಿಜೀವನದಿಂದ ಪ್ರಶಿಕ್ಷಣಾರ್ಥಿಗಳಾದ ನಮ್ಮ ಪಾಠಯೋಜನೆಗೆ ಏನು ದೊರೆಯುತ್ತದೆ ಎಂಬುದನ್ನು ಇಲ್ಲಿ ವಿವರಿಸಲಾಗಿದೆ.

ಮುಂಬೈಯಲ್ಲಿ ಹುಟ್ಟಿದ ಮುಳೆ ಅವರು ಇಂಗ್ಲೆಂಡಿನ ಲೀಡ್ಸ್ ವಿಶ್ವವಿದ್ಯಾಲಯದಲ್ಲಿ ಶಿಕ್ಷಣಶಾಸ್ತ್ರ ಓದಿ, ಸರ್ಕಾರಿ ಶಿಕ್ಷಣಾಧಿಕಾರಿಯಾಗಿ ದುಡಿದರು. ಜೊತೆಗೆ ಚಲನಚಿತ್ರ ಸಮಾಜಗಳನ್ನು ಕಟ್ಟಿದರು. 1959ರಲ್ಲಿ ಸತ್ಯಜಿತ್ ರೇ ಮೊದಲಾದವರೊಂದಿಗೆ ಭಾರತೀಯ ಚಲನಚಿತ್ರ ಸಮಾಜಗಳ ಒಕ್ಕೂಟ ಸ್ಥಾಪಿಸಿದವರಲ್ಲಿ ಅವರೂ ಒಬ್ಬರು. ಮುಂದೆ ಎನ್‌ಸಿಇಆರ್‌ಟಿಯ ಶೈಕ್ಷಣಿಕ ತಂತ್ರಜ್ಞಾನ ಕೇಂದ್ರದ ಮುಖ್ಯಸ್ಥೆಯಾಗಿ ಹಳ್ಳಿಯ ಮಕ್ಕಳಿಗಾಗಿ ದೂರದರ್ಶನ ಕಾರ್ಯಕ್ರಮ ತಯಾರಿಸುವ ಹೊಣೆ ಹೊತ್ತರು.

ಆ ಕಾರ್ಯಕ್ರಮಗಳು ನಮ್ಮ ರಾಜ್ಯಕ್ಕೂ ಬಂದವು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ನಡೆದ ‘ಸೈಟ್’ ಉಪಗ್ರಹ ಪ್ರಯೋಗದಲ್ಲಿ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಟಿ.ವಿ. ಪೆಟ್ಟಿಗೆ ಕೊಡಲಾಗಿತ್ತು. ಕರ್ನಾಟಕದಲ್ಲಿ ಬಿಜಾಪುರ, ಗುಲ್ಬರ್ಗಾ, ರಾಯಚೂರು ಜಿಲ್ಲೆಗಳ ಹಳ್ಳಿಗಳು ಅದರಲ್ಲಿದ್ದವು. ಬೆಳಿಗ್ಗೆ ಶಾಲಾ ಮಕ್ಕಳಿಗೆ ಹಿಂದಿ, ಒಡಿಯಾ, ತೆಲುಗು, ಕನ್ನಡಗಳಲ್ಲಿ ತಲಾ ಇಪ್ಪತ್ತೆರಡೂವರೆ ನಿಮಿಷದ ಕಾರ್ಯಕ್ರಮ. ಒಂದೇ ಚಿತ್ರದೊಂದಿಗೆ ಎರಡು ಭಾಷೆಗಳ ಧ್ವನಿ ಕಳುಹಿಸುವ ಸೌಲಭ್ಯವೂ ಆ ಉಪಗ್ರಹದಲ್ಲಿತ್ತು. ಮಾತು ಬದಲಾದರೂ ಅರ್ಥ ಕೆಡದಂತೆ ಚಿತ್ರವೇ ವಿಷಯ ಹೇಳಬೇಕಾದ ಕಾಲ ಅದು.

ಇದು ನಮಗೆ ದೂರದ ಮಾತಲ್ಲ. ಚಳ್ಳಕೆರೆ, ಮೊಳಕಾಲ್ಮೂರು ತಾಲ್ಲೂಕುಗಳು ಆಂಧ್ರದ ಗಡಿಗೆ ಹೊಂದಿಕೊಂಡಿವೆ. ಮನೆಯಲ್ಲಿ ತೆಲುಗು ಅಥವಾ ಲಂಬಾಣಿ ಮಾತನಾಡುವ ಮಕ್ಕಳು ನಮ್ಮ ಕನ್ನಡ ಮಾಧ್ಯಮದ ತರಗತಿಯಲ್ಲಿ ಕೂತಿರುತ್ತಾರೆ. ವ್ಯಾಖ್ಯೆಯಿಂದ ಪಾಠ ಆರಂಭಿಸಿದರೆ ಮೊದಲು ಹಿಂದೆ ಬೀಳುವವರು ಅವರೇ.

‘ಏಕ್ ಅನೇಕ್’ ಚಿತ್ರದ ಅವಧಿ ಸುಮಾರು ಏಳು ನಿಮಿಷ. ಅನಿಮೇಷನ್ ಭೀಮ್‌ಸೇನ್ ಅವರದು. ಪುಟ್ಟ ತಮ್ಮ ‘ಅನೇಕ’ ಎಂದರೇನು ಎಂದು ಅಕ್ಕನನ್ನು ಕೇಳುತ್ತಾನೆ. ಅಕ್ಕ ವ್ಯಾಖ್ಯೆ ಹೇಳುವುದಿಲ್ಲ. ಸೂರ್ಯ ಒಂದು, ಚಂದ್ರ ಒಂದು, ನಕ್ಷತ್ರ ಹಲವು ಎಂದು ತೋರಿಸುತ್ತಾಳೆ. ಅಳಿಲು, ಚಿಟ್ಟೆಗಳನ್ನು ಎಣಿಸುತ್ತಾಳೆ. ಆಮೇಲೆ ಬೇಟೆಗಾರನ ಬಲೆಗೆ ಬಿದ್ದ ಹಕ್ಕಿಗಳು ಬಲೆಸಮೇತ ಒಟ್ಟಿಗೆ ಹಾರಿ, ಇಲಿಗಳ ನೆರವಿನಿಂದ ಪಾರಾಗುವ ಕಥೆ. ಏಕತೆ ಎಂಬ ಅಮೂರ್ತ ಪರಿಕಲ್ಪನೆ ಕೊನೆಗೆ ಬರುತ್ತದೆ. ಮೂರ್ತದಿಂದ ಅಮೂರ್ತದೆಡೆಗೆ ಎಂದು ನಾವು ಓದುವ ಬೋಧನಾ ಸೂತ್ರ ಇದೇ. ಈ ಚಿತ್ರಕ್ಕೆ ಅತ್ಯುತ್ತಮ ಶೈಕ್ಷಣಿಕ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂದಿತು.

ಅನಿಮೇಷನ್ ಬರಹಗಾರರಿಗೆ ಈ ಶಿಸ್ತು ಬರಲು ಒಂದು ಲೆಕ್ಕವೂ ಕಾರಣ. ಸೆಕೆಂಡಿಗೆ 24 ಚೌಕಟ್ಟುಗಳಂತೆ ಏಳು ನಿಮಿಷಕ್ಕೆ 10,080 ಚೌಕಟ್ಟುಗಳು ಬೇಕು. ಒಂದು ಚಿತ್ರವನ್ನು ಎರಡು ಚೌಕಟ್ಟಿಗೆ ಬಳಸಿದರೂ 5,040 ಚಿತ್ರಗಳಾಗುತ್ತವೆ. ಮೊಳಕಾಲ್ಮೂರಿನ ನೇಕಾರರು ಎಳೆ ಎಳೆಯಾಗಿ ಸೀರೆ ನೇಯುವಂತೆ ಇದೂ ತಾಳ್ಮೆಯ ಕೆಲಸ. ಆದ್ದರಿಂದ ಬೇಡದ ದೃಶ್ಯವನ್ನು ಬರೆಯುವ ಹಂತದಲ್ಲೇ ತೆಗೆಯಬೇಕು. ನಮ್ಮ ನಲವತ್ತು ನಿಮಿಷದ ಅವಧಿಯಲ್ಲಿ ಮಾತಿಗೆ ಖರ್ಚಿಲ್ಲ. ಹಾಗಾಗಿಯೇ ಒಂದು ಪಾಠಕ್ಕೆ ನಾಲ್ಕು ಪರಿಕಲ್ಪನೆಗಳನ್ನು ತುಂಬುವ ಅಪಾಯವಿದೆ.

ಎಂಟನೆಯ ತರಗತಿಯ ‘ಘರ್ಷಣೆ’ ಪಾಠವನ್ನೇ ನೋಡೋಣ. ಪ್ರಶ್ನೆ ಒಂದೇ: ಉರುಳುವ ಗೋಲಿ ಏಕೆ ನಿಲ್ಲುತ್ತದೆ? ಓರೆಯಾಗಿಟ್ಟ ಸ್ಲೇಟಿನ ಮೇಲಿಂದ ಗೋಲಿಯನ್ನು ಬಿಡಿ. ಮೊದಲು ಸಿಮೆಂಟ್ ನೆಲ, ನಂತರ ಗೋಣಿತಾಟು, ಕೊನೆಗೆ ಚಳ್ಳಕೆರೆಯ ಕಂಬಳಿ. ಪ್ರತಿ ಸಲವೂ ಒಂದೇ ಎತ್ತರದಿಂದ ಬಿಟ್ಟು, ಎಷ್ಟು ದೂರ ಹೋಯಿತೆಂದು ಮಕ್ಕಳೇ ಅಳೆಯಲಿ. ಎಲ್ಲಿ ಬೇಗ ನಿಂತಿತು ಎಂದು ಕೇಳಿದರೆ, ಕನ್ನಡ ತಡವರಿಸುವ ಮಗುವೂ ಕೈ ತೋರಿಸಿ ಉತ್ತರಿಸಬಲ್ಲದು. ‘ಘರ್ಷಣೆ’ ಎಂಬ ಪದ ಕಪ್ಪುಹಲಗೆಗೆ ಬರುವುದು ಆಮೇಲೆ.

ಹಾಗೆಂದು ಇಂಥ ಚಿತ್ರವನ್ನು ಸ್ಮಾರ್ಟ್ ಕ್ಲಾಸಿನಲ್ಲಿ ಹಾಕಿ ಶಿಕ್ಷಕರು ಪಕ್ಕಕ್ಕೆ ಸರಿದರೆ ಸಾಲದು. ದೂರದರ್ಶನ ಏಕಮುಖ, ಮಗುವಿಗೆ ಅರ್ಥವಾಯಿತೇ ಎಂದು ಅದು ಕೇಳಲಾರದು. ಸೈಟ್ ಪ್ರಯೋಗದಲ್ಲೇ ಸುಮಾರು 50 ಸಾವಿರ ಪ್ರಾಥಮಿಕ ಶಿಕ್ಷಕರಿಗೆ ವಿಜ್ಞಾನ ಬೋಧನೆಯ ತರಬೇತಿಯನ್ನೂ ನೀಡಲಾಯಿತು. ಪರದೆ ಬಂದರೂ ಶಿಕ್ಷಕರ ಕೆಲಸ ಉಳಿದೇ ಇತ್ತು.

ಆದ್ದರಿಂದ ಮುಂದಿನ ಬೋಧನಾ ಅಭ್ಯಾಸದಲ್ಲಿ ಪಾಠಯೋಜನೆಯ ಮೇಲ್ಭಾಗದಲ್ಲಿ ಮೂರು ಸಾಲು ಬರೆದುಕೊಳ್ಳಬಹುದು: ಮಗು ಕೇಳಬಹುದಾದ ಒಂದು ಪ್ರಶ್ನೆ, ಮಾತಿಗೆ ಮೊದಲು ತೋರಿಸುವ ಒಂದು ವಸ್ತು, ಕೊನೆಗೆ ಹೇಳುವ ಒಂದು ಪದ. ಪಾಠ ವೀಕ್ಷಿಸುವ ಮಾರ್ಗದರ್ಶಕರೂ ಸಹಪಾಠಿಗಳೂ ಈ ಮೂರು ಸಾಲುಗಳನ್ನೇ ಹಿಡಿದು ಚರ್ಚಿಸಿದರೆ ಉಪಯುಕ್ತ.