ಕರಾವಳಿಯವರು ಕಂಡ ಮರಳುಗಾಡು

'ಗೈಡ್' ಚಿತ್ರ ನೋಡದ ಚಿತ್ರರಸಿಕರು ಯಾರಿದ್ದಾರೆ ಹೇಳಿ! 1965ರಲ್ಲಿ ತೆರೆಗೆ ಬಂದ ಆ ಹಿಂದಿ ಚಿತ್ರದಲ್ಲಿ ದೇವ್ ಆನಂದ್ ಊರಿಗೆ ಬಂದ ಪ್ರವಾಸಿಗರಿಗೆ ಊರು ತೋರಿಸುವ ರಾಜು. ವಹೀದಾ ರೆಹಮಾನ್ ಅವನ ಬದುಕನ್ನೇ ತಿರುಗಿಸಿಬಿಡುವ ನರ್ತಕಿ ರೋಸಿ. ಕಥೆ ಮಾತ್ರ ನಮ್ಮ ಮೈಸೂರಿನ ಆರ್.ಕೆ. ನಾರಾಯಣ್ ಅವರದು. 1958ರ ಕಾದಂಬರಿ, 1960ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಗಿಟ್ಟಿಸಿಕೊಂಡದ್ದು. ಅವರ ಮಾಲ್ಗುಡಿ ಇದ್ದದ್ದು ದಕ್ಷಿಣದಲ್ಲಿ. ಚಿತ್ರ ಮಾಡಿದವರು ಅದನ್ನು ಎತ್ತಿಕೊಂಡು ಹೋಗಿ ರಾಜಸ್ಥಾನದ ಉದಯಪುರ, ಚಿತ್ತೋರಗಳಲ್ಲಿ ಇಳಿಸಿದರು! ನಾರಾಯಣರಿಗೆ ಇದು ಹಿಡಿಸಲಿಲ್ಲ. ಲೇಖನವನ್ನೇ ಬರೆದು ತಕರಾರು ತೆಗೆದರು. ಮುಂದೆ 1980ರ ದಶಕದಲ್ಲಿ ದೂರದರ್ಶನಕ್ಕೆ 'ಮಾಲ್ಗುಡಿ ಡೇಸ್' ಮಾಡಿದ ಶಂಕರ್ ನಾಗ್, ನಮ್ಮ ಹೊನ್ನಾವರ ಸೀಮೆಯ ಹುಡುಗ, ಅದೇ ಮಾಲ್ಗುಡಿಯನ್ನು ತಂದು ಆಗುಂಬೆಯ ಮಳೆಯಲ್ಲಿ ನಿಲ್ಲಿಸಿದರು. ಅದು ಬೇರೆ ಮಾತು.

ಈ ಪುರಾಣ ಯಾಕೆ ಅಂತೀರಾ? 'ಗೈಡ್' ಚಿತ್ರದ ಕೊನೆಯನ್ನು ನೆನಪು ಮಾಡಿಕೊಳ್ಳಿ. ಹಾಡು ಮುಗಿಯಿತು, ಪ್ರೇಮ ಮುಗಿಯಿತು, ಜೈಲೂ ಮುಗಿಯಿತು. ಉಳಿದದ್ದು ಒಂದೇ: ಮಳೆ. ಬರಗಾಲದ ಹಳ್ಳಿಯ ಜನ ಆಕಾಶ ನೋಡುತ್ತ ಕೂತಿದ್ದಾರೆ, ರಾಜು ಉಪವಾಸ ಕೂತಿದ್ದಾನೆ. ರಾಜಸ್ಥಾನಕ್ಕೆ ಟೂರು ಹೋಗಿ ಬಂದ ಮೇಲೆ ನನಗೆ ಅನಿಸಿದ್ದೂ ಇದೇ. ಆ ಸೀಮೆಯಲ್ಲಿ ಕೋಟೆ, ಅರಮನೆ, ಒಂಟೆ ಎಲ್ಲ ಉಂಟು. ಆದರೆ ಅಲ್ಲಿಯ ನಿಜವಾದ ಕಥೆ ನೀರಿನದು. ಅದನ್ನು ನೋಡಲು ಮಳೆಯೂರಿನವರಾದ ನಮಗಿಂತ ಒಳ್ಳೆಯ ಪ್ರೇಕ್ಷಕರಿಲ್ಲ!

ಮೂರು ಊರು, ಒಂದು ಬಸ್ಸು

ನವೆಂಬರಿನ ಒಂದು ಬೆಳಗಿನ ಜಾವ ಬಸ್ಸು ಭಟ್ಕಳದಿಂದ ಹೊರಟಿತು. ಶರಾವತಿ ಸೇತುವೆ ದಾಟಿ ಹೊನ್ನಾವರದಲ್ಲಿ ಒಂದಷ್ಟು ಜನ ಹತ್ತಿದರು. ಕುಮಟೆಯಲ್ಲಿ ಇನ್ನೊಂದಷ್ಟು. ಒಟ್ಟು ಮೂವತ್ತು ಚಿಲ್ಲರೆ ಮಂದಿ. ನಿವೃತ್ತ ಮೇಷ್ಟ್ರು, ಅಡಿಕೆ ತೋಟದವರು, ಗಲ್ಫಿನಿಂದ ಮರಳಿದವರು, ಮಗ ಹಣ ಕಟ್ಟಿ ಕಳಿಸಿದ ಅಮ್ಮಂದಿರು... ಕುಮಟೆಯ ಅಜ್ಜಿಯೊಬ್ಬರು ಊರಿನ ಸಿಹಿ ಈರುಳ್ಳಿಯ ಗೊಂಚಲನ್ನೇ ಕಟ್ಟಿಕೊಂಡು ಬಂದಿದ್ದರು. "ಅಲ್ಲಿ ಎಂತ ಸಿಕ್ತದೋ ಎಂತ ಬಿಡ್ತದೋ ಮಾರಾಯ್ರೆ" ಅಂತ ಅವರ ಸಮಜಾಯಿಷಿ. ಕಾಶಿ, ರಾಮೇಶ್ವರ ಮುಗಿಸಿದ್ದ ಆ ಅಜ್ಜಿಗೆ ದೇವರ ಹೆಸರಿಲ್ಲದ ಪ್ರವಾಸ ಇದೇ ಮೊದಲು.

ಕುಮಟೆ ಬಿಟ್ಟು ಅಘನಾಶಿನಿ ದಾಟಿದರೆ ಮಿರ್ಜಾನ್. ಅಲ್ಲೊಂದು ಕೋಟೆ ಉಂಟು ಅಂತ ಯಾರೋ ಅಂದರು. ಬಸ್ಸು ನಿಲ್ಲಲಿಲ್ಲ, ನಿಲ್ಲಿಸಿ ಅಂತ ಯಾರೂ ಹೇಳಲೂ ಇಲ್ಲ. ಎಲ್ಲರ ಚಿತ್ತ ಮಡಗಾಂವಿನ ರೈಲಿನ ಮೇಲೆ!

ಕೊಂಕಣ ರೈಲು 1998ರ ಜನವರಿ 26ರಂದು ಪೂರ್ತಿಯಾಗಿ ಶುರುವಾಗುವ ಮೊದಲು ನಮ್ಮ ಕಡೆಯವರು ರೈಲು ಹತ್ತಬೇಕಾದರೆ ಘಟ್ಟ ಹತ್ತಿ ಹುಬ್ಬಳ್ಳಿಗೆ ಹೋಗಬೇಕಿತ್ತು, ಇಲ್ಲ ಮಂಗಳೂರಿಗೆ. ಈಗ ಎರ್ನಾಕುಲಂನಿಂದ ಅಜ್ಮೇರಕ್ಕೆ ಹೋಗುವ ರೈಲು ನಮ್ಮ ಕರಾವಳಿಯ ಮೇಲೇ ಓಡುತ್ತದೆ. ಹೆಸರು ಗೊತ್ತೇ? 'ಮರುಸಾಗರ'! ಮರು ಅಂದರೆ ಮರಳುಗಾಡು, ಸಾಗರ ಅಂದರೆ ನಮ್ಮದು. ಹೆಸರಿಟ್ಟವರ ಬಾಯಿಗೆ ಸಕ್ಕರೆ ಹಾಕಬೇಕು.

ಕೊಡೆ ಹಿಡಿದ ಗೈಡು

ಜೈಪುರದಲ್ಲಿ ನಮ್ಮ ಗೈಡ್ ಮಹಾಶಯ ಕೆಂಪು ಕೊಡೆಯೊಂದನ್ನು ಮೇಲೆತ್ತಿ ಹಿಡಿದ. ಬಿಸಿಲಿಗಲ್ಲ, ನಾವು ಕಳೆದುಹೋಗದಿರಲಿ ಅಂತ. ಸವಾಯಿ ಜೈಸಿಂಗ್ 1727ರಲ್ಲಿ ಗೆರೆ ಎಳೆದು ಕಟ್ಟಿಸಿದ ಊರು ಅದು. ಬೀದಿಗಳು ಚದುರಂಗದ ಮನೆಯ ಹಾಗೆ ನೆಟ್ಟಗೆ. 1799ರ ಹವಾಮಹಲಿಗೆ 953 ಕಿಟಕಿ. "ಒಳಗಿನಿಂದ ರಾಣಿಯರು ಬೀದಿ ನೋಡುತ್ತಿದ್ದರು, ಬೀದಿಯವರಿಗೆ ರಾಣಿಯರು ಕಾಣುತ್ತಿರಲಿಲ್ಲ" ಅಂದ ಗೈಡ್. "ನಮ್ಮ ಹಳೇ ಟಾಕೀಸಿನ ಬಾಲ್ಕನಿ ಹಾಂಗೇ!" ಅಂದರು ಮೇಷ್ಟ್ರು. ಎಲ್ಲರೂ ನಕ್ಕರು. ನಕ್ಕು ಮುಗಿಯುವುದರೊಳಗೆ ಕೊಡೆ ಮುಂದೆ ಹೋಗಿತ್ತು. ಗುಂಪಿನ ಪ್ರವಾಸದ ಕಷ್ಟ ಇದು ನೋಡಿ. ಕಣ್ಣು ಒಂದು ಕಡೆ, ಕಾಲು ಇನ್ನೊಂದು ಕಡೆ.

ಜೋಧಪುರದ ಮೆಹ್ರಾನ್‌ಗಢ 1459ರಲ್ಲಿ ರಾವ್ ಜೋಧ ಶುರು ಮಾಡಿದ ಕೋಟೆ. ಅಲ್ಲಿ ಗೈಡ್ ಹೇಳಿದ ಕಥೆಗೆ ಬಸ್ಸಿನಲ್ಲಿ ಆಮೇಲೆ ಅರ್ಧ ದಿನ ಚರ್ಚೆ ನಡೆಯಿತು. ಆ ಗುಡ್ಡದ ಮೇಲೆ ಹಕ್ಕಿಗಳ ನಡುವೆ ಒಬ್ಬ ಸನ್ಯಾಸಿ ಇದ್ದನಂತೆ. ರಾಜ ಅವನನ್ನು ಎಬ್ಬಿಸಿದ. ಸನ್ಯಾಸಿ ಶಾಪ ಕೊಟ್ಟ. ಏನಂತ? ವಂಶ ಹಾಳಾಗಲಿ ಅಂತಲ್ಲ, ಕೋಟೆ ಬೀಳಲಿ ಅಂತಲ್ಲ. 'ನಿನ್ನ ನೆಲಕ್ಕೆ ನೀರಿಲ್ಲದೆ ಹೋಗಲಿ!' ಶಾಪ ಕಳೆಯಲು ರಾಜಾರಾಮ್ ಮೇಘವಾಲ್ ಎಂಬಾತನನ್ನು ಅಡಿಪಾಯದಲ್ಲಿ ಜೀವಂತ ಹೂತರು ಎಂಬುದು ಐತಿಹ್ಯ. ಅವನ ಹೆಸರಿನ ಕಲ್ಲು ಇಂದಿಗೂ ಅಲ್ಲುಂಟು. ನಮ್ಮವರು ಅರಮನೆಯ ಕನ್ನಡಿ ಕೋಣೆಯ ಮುಂದೆ ಫೋಟೋ ತೆಗೆಸಿಕೊಂಡರು. ಈ ಕಲ್ಲಿನ ಮುಂದೆ ನಿಂತವರು ನಾಲ್ಕೇ ಜನ.

ಅದೇ ಊರಿನ ಉಮೈದ್ ಭವನ 1929ರಲ್ಲಿ ಶುರುವಾಗಿ 1943ರಲ್ಲಿ ಮುಗಿದ ಅರಮನೆ. ಬರಗಾಲದಲ್ಲಿ ಕೂಲಿ ಕೊಡಲು ಹೂಡಿದ ಕಾಮಗಾರಿ ಅದು. ಒಂದೂರಿನಲ್ಲಿ ಮಳೆ ಬಾರದೆ ಹೋದರೆ ಶಾಪದ ಕಥೆಯೂ ಹುಟ್ಟುತ್ತದೆ, ಅರಮನೆಯೂ ಹುಟ್ಟುತ್ತದೆ!

ಬಂಗಾರದ ಕೋಟೆಗೆ ನೀರಿನ ಭಯ

ಜೈಸಲ್ಮೇರ್ ನೋಡಿದಾಗ ನಿಜವಾಗಿಯೂ ಮಾತು ಹೊರಡಲಿಲ್ಲ. 1156ರಲ್ಲಿ ರಾವಲ್ ಜೈಸಲ್ ಸ್ಥಾಪಿಸಿದ ಕೋಟೆ. ಹಳದಿ ಕಲ್ಲು. ಸಂಜೆ ಬಿಸಿಲು ಬಿದ್ದರೆ ಚಿನ್ನವೇ! 1974ರಲ್ಲಿ ಸತ್ಯಜಿತ್ ರಾಯ್ ಇಲ್ಲಿ 'ಸೋನಾರ್ ಕೆಲ್ಲಾ' ಚಿತ್ರಿಸಿದರು. ಹಿಂದಿನ ಜನ್ಮದ ನೆನಪಿರುವ ಪುಟ್ಟ ಹುಡುಗ ಮುಕುಲ್ ಬಂಗಾರದ ಕೋಟೆ ಹುಡುಕುತ್ತ ಬರುವ ಕಥೆ. ಆಮೇಲೆ ಬಂಗಾಳದಿಂದ ಜನ ಈ ಕೋಟೆ ನೋಡಲು ಬರತೊಡಗಿದರು. ಒಂದು ಚಿತ್ರ ಒಂದೂರಿಗೆ ಅನ್ನ ಕೊಟ್ಟ ಉದಾಹರಣೆ ಬೇಕಿದ್ದರೆ ಇದನ್ನು ಹೇಳಬಹುದು.

ಆದರೆ ಅನ್ನದ ಜೊತೆಗೆ ನೀರೂ ಬಂತು! ಈ ಕೋಟೆ ಖಾಲಿ ಕೋಟೆಯಲ್ಲ, ಒಳಗೆ ಸಾವಿರಾರು ಜನ ಇಂದಿಗೂ ಸಂಸಾರ ಮಾಡುತ್ತಿದ್ದಾರೆ. ಹಿಂದೆ ಕೆಳಗಿನ ಗಡೀಸರ್ ಕೆರೆಯಿಂದ ಹೆಂಗಸರು ತಲೆಯ ಮೇಲೆ ಕೊಡ ಹೊತ್ತು ಹತ್ತುತ್ತಿದ್ದರು. ಹೊತ್ತ ನೀರಿಗೆ ಲೆಕ್ಕ ಇರುತ್ತಿತ್ತು, ಚೆಲ್ಲುವ ಮಾತೇ ಇಲ್ಲ. ಆಮೇಲೆ ನಲ್ಲಿ ಬಂತು, ಹೋಟೆಲು ಬಂತು, ಸ್ನಾನಗೃಹ ಬಂತು. ಬಳಸಿದ ನೀರು ಗುಡ್ಡದೊಳಕ್ಕೆ ಇಂಗಿ ಬುಡ ಸಡಿಲವಾಯಿತು. ಬುರುಜುಗಳು ಕುಸಿದವು. ಅಪಾಯದಲ್ಲಿರುವ ಸ್ಮಾರಕಗಳ ಜಾಗತಿಕ ಪಟ್ಟಿಗೆ 1996ರಲ್ಲಿ ಇದರ ಹೆಸರು ಸೇರಿತು. 2013ರಲ್ಲಿ ಯುನೆಸ್ಕೋ ರಾಜಸ್ಥಾನದ ಇತರ ಐದು ಗಿರಿದುರ್ಗಗಳ ಜೊತೆ ಇದನ್ನೂ ವಿಶ್ವ ಪರಂಪರೆ ಎಂದಿತು.

ನಮ್ಮಲ್ಲಿ ವರ್ಷಕ್ಕೆ 3000 ಮಿಲಿಮೀಟರ್ ದಾಟಿ ಮಳೆ. ಅಲ್ಲಿ 200 ಮಿಲಿಮೀಟರಿನೊಳಗೆ. ನಾವು ಮಳೆ ಜಾರಿಹೋಗಲಿ ಅಂತ ಹಂಚಿನ ಮಾಡು ಇಳಿಜಾರು ಮಾಡಿ ಕಟ್ಟುತ್ತೇವೆ. ಅವರು ಬಿದ್ದ ಹನಿ ಉಳಿಯಲಿ ಅಂತ ಚಪ್ಪಟೆ ತಾರಸಿ ಕಟ್ಟಿ, ಅದರ ನೀರನ್ನು ನೆಲದೊಳಗಿನ ತೊಟ್ಟಿಗೆ ಇಳಿಸುತ್ತಾರೆ. ಇಷ್ಟು ತಿಳಿದ ಮೇಲೆ ನಮ್ಮ ಅಜ್ಜಿ ಹೋಟೆಲಿನಲ್ಲಿ ಎರಡು ಬಕೆಟಿನ ಸ್ನಾನವನ್ನು ಒಂದಕ್ಕೆ ಇಳಿಸಿದರು. ಯಾರೂ ಹೇಳಿಕೊಟ್ಟದ್ದಲ್ಲ!

ಭೂತದ ಊರಿನಲ್ಲಿ ಗಜನಿಯ ನೆನಪು

ಹತ್ತಿರದಲ್ಲೇ ಕುಲಧರಾ ಎಂಬ ಹಾಳೂರು. ಪಾಲೀವಾಲ ಬ್ರಾಹ್ಮಣರು ಒಂದೇ ರಾತ್ರಿ ಬಿಟ್ಟುಹೋದರು, ದಿವಾನ ಸಾಲಿಂ ಸಿಂಗನ ಕಣ್ಣು ಊರಿನ ಹುಡುಗಿಯ ಮೇಲೆ ಬಿದ್ದಿತ್ತು, ಈಗ ದೆವ್ವ ಓಡಾಡುತ್ತದೆ... ಗೈಡ್ ರಸವತ್ತಾಗಿ ಹೇಳಿದ. ಪಕ್ಕಾ ಸಿನಿಮಾ ಕಥೆ!

ಆದರೆ ಗುಂಪಿನಲ್ಲಿ ಕುಮಟಾ ತಾಲೂಕಿನ ಮಾಣಿಕಟ್ಟೆ ಕಡೆಯ ರೈತರೊಬ್ಬರಿದ್ದರು. ಅವರು ದೆವ್ವ ಬಿಟ್ಟು ನೆಲ ನೋಡುತ್ತಿದ್ದರು. ಆ ಸೀಮೆಯ ಪಾಲೀವಾಲರು 'ಖಡೀನ್' ಕಟ್ಟುವುದರಲ್ಲಿ ನಿಸ್ಸೀಮರು. ಇಳಿಜಾರಿನ ಕೆಳಗೆ ಉದ್ದನೆಯ ಮಣ್ಣಿನ ಒಡ್ಡು ಹಾಕಿ, ಸುತ್ತಲಿನ ಕಲ್ಲುನೆಲದ ಮೇಲೆ ಬಿದ್ದ ಮಳೆಯನ್ನೆಲ್ಲ ಅಲ್ಲಿ ತಡೆದು ಇಂಗಿಸುವುದು. ಆಮೇಲೆ ಆ ತೇವದ ಮೇಲೇ ಗೋಧಿ, ಕಡಲೆ ಬೆಳೆಯುವುದು. ಇದನ್ನು ಕೇಳಿದ್ದೇ ರೈತರ ಮುಖ ಅರಳಿತು. "ನಮ್ಮ ಗಜನಿ ಕಟ್ಟೆ ಹಾಂಗೇ ಆಯ್ತಲ್ಲ! ನಾವು ಉಪ್ಪುನೀರು ಒಳಗೆ ಬರಬಾರ್ದು ಅಂತ ಕಟ್ತೇವೆ, ಇವರು ಸಿಹಿನೀರು ಹೊರಗೆ ಹೋಗಬಾರ್ದು ಅಂತ ಕಟ್ಟಿದಾರೆ." ಅಘನಾಶಿನಿ ಅಳಿವೆಯ ಗಜನಿ ಗದ್ದೆಗಳಲ್ಲಿ ಉಪ್ಪು ತಡೆಯುವ ಕಗ್ಗ ಭತ್ತ ಬೆಳೆದವರ ಮಾತು ಅದು. ಅಷ್ಟು ದಿನದ ಪ್ರವಾಸದಲ್ಲಿ ಗೈಡನೇ ಕಿವಿಗೊಟ್ಟು ಕೇಳಿದ್ದು ಆ ಒಂದು ಸಲ.

ಈಗ ಜೈಸಲ್ಮೇರ್ ಸೀಮೆಗೆ ಇಂದಿರಾ ಗಾಂಧಿ ಕಾಲುವೆ ಬಂದಿದೆ. ಸಟ್ಲೆಜ್, ಬಿಯಾಸ್ ನದಿಗಳ ನೀರು ಪಂಜಾಬಿನ ಹರಿಕೆಯಿಂದ ನೂರಾರು ಮೈಲು ಹರಿದು ಬರುತ್ತದೆ. ಮರಳಿನ ನಡುವೆ ಹಸಿರು ಕಂಡರೆ ಅದರ ಮಹಿಮೆ.

ದಿಬ್ಬದ ಮೇಲೆ ಒಂದು ಸಂಜೆ

ಸಮ್ ಎಂಬಲ್ಲಿ ಮರಳದಿಬ್ಬಗಳು. ಜೈಸಲ್ಮೇರಿನಿಂದ ಸುಮಾರು 40 ಕಿಲೋಮೀಟರ್. 1971ರ 'ರೇಷ್ಮಾ ಔರ್ ಶೇರಾ' ಚಿತ್ರಕ್ಕೆ ಸುನಿಲ್ ದತ್ ತಮ್ಮ ಇಡೀ ತಂಡವನ್ನು ಇದೇ ಜೈಸಲ್ಮೇರ್ ಮರುಭೂಮಿಗೆ ಕರೆತಂದಿದ್ದರು. ವಹೀದಾಗೆ ರಾಷ್ಟ್ರಪ್ರಶಸ್ತಿ ತಂದ ಚಿತ್ರ ಅದು. ನಮ್ಮವರೆಲ್ಲ ಆ ಗುಂಗಿನಲ್ಲೇ ಒಂಟೆ ಹತ್ತಿದರು. ಕಿರುಚಾಟ, ನಗೆ, ಫೋಟೋ!

ಭಟ್ಕಳದ ಒಬ್ಬರು ಮಾತ್ರ ಹತ್ತಲಿಲ್ಲ. ಹೆಂಡತಿಯ ಜೊತೆ ದಿಬ್ಬದ ಮೇಲೆ ಸುಮ್ಮನೆ ಕೂತಿದ್ದರು. ಗಲ್ಫಿನಲ್ಲಿ ಇಪ್ಪತ್ತೆರಡು ವರ್ಷ ನೀರಿನ ಟ್ಯಾಂಕರ್ ಓಡಿಸಿದವರು. ಮರಳು ಅವರಿಗೆ ಹೊಸತಲ್ಲ. "ಮತ್ತೆ ದುಡ್ಡು ಕೊಟ್ಟು ಇಲ್ಲಿಗೆ ಯಾಕೆ ಬಂದ್ರಿ?" ಅಂತ ಕೇಳಿಯೇಬಿಟ್ಟೆ. ಸ್ವಲ್ಪ ಹೊತ್ತು ಬಿಟ್ಟು ಹೇಳಿದರು: "ನನ್ನ ಸಂಬಳಕ್ಕೆ ಹೆಂಡತಿಯನ್ನು ಕರ್ಕೊಂಡು ಹೋಗಲಿಕ್ಕೆ ಆಗ್ತಿರಲಿಲ್ಲ. ಎರಡು ವರ್ಷಕ್ಕೊಂದು ಸಲ ಬರ್ತಿದ್ದೆ. ಇವಳು ಕೇಳ್ತಿದ್ದಳು, ಅಲ್ಲಿ ಹೇಗುಂಟು, ಹೇಗುಂಟು ಅಂತ. ಬಾಯಲ್ಲಿ ಹೇಳಲಿಕ್ಕೆ ಬರಲಿಲ್ಲ. ಹೀಗಿತ್ತು ಅಂತ ಒಂದು ಸಲ ತೋರಿಸಬೇಕಿತ್ತು."

ಆಕೆ ಒಂದು ಮುಷ್ಟಿ ಮರಳು ತೆಗೆದುಕೊಂಡು ಬೆರಳ ಸಂದಿಯಿಂದ ಬಿಡುತ್ತಿದ್ದರು. "ರಾತ್ರಿ ಚಳಿ ಆಗ್ತಿತ್ತಾ?" ಅಂತ ಕೇಳಿದರು. "ಆಗ್ತಿತ್ತು" ಅಂದರು ಇವರು. ನಾನು ಎದ್ದು ಬೇರೆ ಕಡೆ ಹೋದೆ.

ರಾತ್ರಿ ಡೇರೆಯ ಮುಂದೆ ಮಾಂಗಣಿಯಾರರ ಹಾಡು. ಇವರು ಮುಸ್ಲಿಂ ಗಾಯಕರು. ತಲೆಮಾರುಗಳಿಂದ ಹಿಂದೂ ಯಜಮಾನರ ಮನೆಯ ಮದುವೆ, ಹೆರಿಗೆಗಳಿಗೆ ಹಾಡಿದವರು. ಕಮಾಯಚ, ಖರ್ತಾಲ್, ಢೋಲಕ್ ಇವರ ವಾದ್ಯಗಳು. ನಮ್ಮ ಕಾರ್ಯಕ್ರಮಕ್ಕೆ ಕೊಟ್ಟದ್ದು ಬರೀ ಅರ್ಧ ಗಂಟೆ, ಅದರಲ್ಲೂ ಸಿನಿಮಾ ಹಾಡಿನ ಫರ್ಮಾಯಿಷು! ಹೊನ್ನಾವರದ ಮೇಷ್ಟ್ರಿಗೆ ತಡೆಯಲಿಲ್ಲ. ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಕಟ್ಟಿದ ಇಡಗುಂಜಿ ಮೇಳದ ಆಟ ನೋಡಿ ಬೆಳೆದ ಜೀವ ಅದು. ಎದ್ದು ಹೋಗಿ ಮುದುಕ ಗಾಯಕನ ಹತ್ತಿರ ಹರಕು ಹಿಂದಿಯಲ್ಲಿ "ನಿಮ್ಮ ಮನೆಯಲ್ಲಿ ಹಾಡುವುದನ್ನು ಹಾಡಿ" ಅಂದರು. ಮುದುಕ ಇವರ ಮುಖ ನೋಡಿದ. ಕಮಾಯಚದ ಕಿವಿ ಹಿಂಡಿ ಶ್ರುತಿ ಸರಿಮಾಡಿಕೊಂಡ. ಅರ್ಧ ಗಂಟೆಯ ಕಾರ್ಯಕ್ರಮ ಎರಡು ಗಂಟೆಗೆ ಹೋಯಿತು.

ಮೇಷ್ಟ್ರು ಆಮೇಲೆ ಒಂದು ಸಂಗತಿ ನೆನಪಿಸಿದರು. 2012ರ ಪದ್ಮಶ್ರೀ ಪಟ್ಟಿಯಲ್ಲಿ ಇದೇ ಸೀಮೆಯ ಹಮೀರಾ ಗ್ರಾಮದ ಕಮಾಯಚ ವಾದಕ ಸಾಕರ್ ಖಾನ್ ಇದ್ದರು, ನಮ್ಮ ಹೊನ್ನಾವರದ ಚಿಟ್ಟಾಣಿ ರಾಮಚಂದ್ರ ಹೆಗಡೆಯವರೂ ಇದ್ದರು!

ಹೊರಡುವವರಿಗೆ ನಾಲ್ಕು ಮಾತು

ಹೋಗುವುದಾದರೆ ನವೆಂಬರಿನಿಂದ ಫೆಬ್ರವರಿಯೊಳಗೆ ಹೋಗಿ. ರಾತ್ರಿ ಚಳಿ ಕೊರೆಯುತ್ತದೆ, ಶಾಲು ಬಿಡಬೇಡಿ. ಟೂರಿನವರಿಗೆ ಹಣ ಕಟ್ಟುವ ಮೊದಲು 'ಎಷ್ಟು ಊರು' ಅಂತ ಕೇಳಬೇಡಿ, 'ಒಂದೂರಿಗೆ ಎಷ್ಟು ಹೊತ್ತು' ಅಂತ ಕೇಳಿ. ಮಂಡಿನೋವಿನವರು ಕೋಟೆಯ ಮೆಟ್ಟಿಲು, ಏರುಗಳ ವಿಚಾರ ಮೊದಲೇ ತಿಳಿದುಕೊಳ್ಳಿ. ಜೈಸಲ್ಮೇರಿನಲ್ಲಿ ಕೋಟೆಯೊಳಗಿನ ಹೋಟೆಲು ಬೇಡ, ಕೆಳಗೆ ಊರಿನಲ್ಲೇ ಕೊಡಿ ಅನ್ನಿ. ಕೋಟೆಗೆ ಅಷ್ಟು ಉಪಕಾರವಾದೀತು. ಗೈಡ್ ರಾಣಿಯ ಕಥೆ ಹೇಳಲಿ, ಬೇಡ ಅನ್ನಬೇಡಿ. ಅದು ಮುಗಿದ ಮೇಲೆ ಒಂದೇ ಪ್ರಶ್ನೆ ಕೇಳಿ: 'ಇವರೆಲ್ಲ ನೀರು ಎಲ್ಲಿಂದ ತರುತ್ತಿದ್ದರು?' ಅಲ್ಲಿಂದ ಬೇರೆಯೇ ಕಥೆ ಶುರುವಾಗುತ್ತದೆ.

ಮತ್ತೊಂದು ಮಾತು. ಊರಿಗೆ ಬಂದು ಹದಿನೈದು ದಿನಕ್ಕೆ ನಮ್ಮಲ್ಲೇ ಎಂಟು ಜನ ಸೇರಿ ಮಿರ್ಜಾನ್ ಕೋಟೆಗೆ ಹೋದೆವು. ಕಾಳುಮೆಣಸಿನ ರಾಣಿ ಎಂದು ಪೋರ್ಚುಗೀಸರು ಕರೆದ ಗೇರುಸೊಪ್ಪೆಯ ಚೆನ್ನಭೈರಾದೇವಿಯ ಹೆಸರಿನ ಜೊತೆ ಬೆಸೆದ ಕೋಟೆ. ಕೆಂಪು ಮುರಕಲ್ಲು, ಮೇಲೆಲ್ಲ ಹಸಿರು ಪಾಚಿ. ಕೊಡೆ ಹಿಡಿದ ಗೈಡ್ ನಮ್ಮ ಜೊತೆ ಇರಲಿಲ್ಲ. ಗೋಡೆ, ಬುರುಜು ಇರಲಿ ಅಂತ ಅಜ್ಜಿ ನೇರವಾಗಿ ಬಾವಿಯ ಹತ್ತಿರ ಹೋಗಿ ಬಗ್ಗಿ ನೋಡಿದರು. "ತುಂಬಾ ನೀರುಂಟು ಮಾರಾಯ್ರೆ!" ಅಂದರು.